ಎಡಕ್ಕೊಂದು ಸುತ್ತು

ಅಣ್ಣ ಯುಗಾದಿಯವರೆಗೆ ಗಡುವು ಕೊಟ್ಟಿದ್ದ. ಅಷ್ಟರೊಳಗೆ ಅಮ್ಮ ಇನ್ನೊಂದು ಸಲ ಬಿದ್ದರೆ ಅಪ್ಪನನ್ನು ತುಮಕೂರಿಗೆ ಕರೆದುಕೊಂಡು ಹೋಗಿ, ಮರೆವಿನ ಕಾಯಿಲೆಯವರನ್ನು ಇಟ್ಟುಕೊಂಡು ನೋಡಿಕೊಳ್ಳುವ ಕಡೆ ಬಿಡುವುದು ಎಂದು ತೀರ್ಮಾನವಾಗಿತ್ತು. ತೀರ್ಮಾನ ಎಂದರೆ, ಅಣ್ಣ ಫೋನಿನಲ್ಲಿ ಹೇಳಿದ್ದ, ಅಮ್ಮ ಸೆರಗಿನಲ್ಲಿ ಮೂಗು ಒರೆಸಿಕೊಂಡಿದ್ದಳು, ನಾನು ಫೋನು ಕುಕ್ಕಿ ಎದ್ದು ಹೋಗಿದ್ದೆ. ನಮ್ಮ ಮನೆಯಲ್ಲಿ ಯಾವ ವಿಷಯವೂ ಇದಕ್ಕಿಂತ ಶಿಸ್ತಾಗಿ ತೀರ್ಮಾನವಾದದ್ದಿಲ್ಲ.

ಅಣ್ಣನನ್ನು ಕಟುಕ ಎಂದುಕೊಳ್ಳಬೇಡಿ. ಅಮ್ಮ ಬಾಗಿಲಲ್ಲಿ ಬಿದ್ದು ಬಲಗೈ ಮಣಿಕಟ್ಟು ಮುರಿದುಕೊಂಡಾಗ ತುಮಕೂರಿನಿಂದ ಓಡಿ ಬಂದು, ಆಸ್ಪತ್ರೆಗೆ ಕರೆದೊಯ್ದು ಪ್ಲಾಸ್ಟರ್ ಹಾಕಿಸಿದವನು ಅವನೇ. ಒಬ್ಬರನ್ನು ಉಳಿಸಿಕೊಳ್ಳಲು ಹೋಗಿ ಇಬ್ಬರನ್ನೂ ಕಳೆದುಕೊಳ್ಳುತ್ತೇವೆ ಎಂದ. ಅವನ ಮಾತಿನಲ್ಲಿ ನ್ಯಾಯವಿತ್ತು. ನನಗೆ ಸಿಟ್ಟು ಬಂದದ್ದೂ ಅದಕ್ಕೇ.

ಅಪ್ಪ ಬಸ್ ಡ್ರೈವರ್ ಆಗಿದ್ದವನು. ಮಧುಗಿರಿಯಿಂದ ಮಿಡಿಗೇಶಿ ದಾಟಿ ಪಾವಗಡಕ್ಕೆ ಬೆಳಿಗ್ಗೆ ಒಂದು ಟ್ರಿಪ್ಪು, ಸಂಜೆ ಒಂದು ಟ್ರಿಪ್ಪು. ನಡುವೆ ಶಿರಾ ಕಡೆಯೂ ಕೊರಟಗೆರೆ ಕಡೆಯೂ ಓಡಿಸಿದ್ದುಂಟು, ಆದರೆ ಅವನ ಪಾಲಿಗೆ ರಸ್ತೆ ಎಂದರೆ ಪಾವಗಡದ ರಸ್ತೆಯೇ. ಈಗ ಅವನ ತಲೆಯಿಂದ ಒಬ್ಬೊಬ್ಬರೇ ಇಳಿದು ಹೋಗುತ್ತಿದ್ದಾರೆ. ಮೊದಲು ಮೊಮ್ಮಕ್ಕಳು ಇಳಿದರು, ಆಮೇಲೆ ಅಣ್ಣ, ಆಮೇಲೆ ನಾನು. ಅಮ್ಮ ಇನ್ನೂ ಸೀಟು ಬಿಟ್ಟಿಲ್ಲ. ಹೆಸರು ಮರೆತಿದ್ದರೂ ಅವಳು ತಟ್ಟೆ ಇಟ್ಟರೆ ಮಾತ್ರ ಉಣ್ಣುತ್ತಾನೆ.

ಅಪ್ಪನ ತಲೆಯಲ್ಲಿ ಗಟ್ಟಿಯಾಗಿ ಉಳಿದಿರುವುದು ಸಂಜೆಯ ಟ್ರಿಪ್ಪು. ಮಧುಗಿರಿ ಬೆಟ್ಟದ ನೆರಳು ನಮ್ಮ ಬೀದಿಗೆ ಬೀಳುತ್ತಿದ್ದಂತೆ ಎದ್ದು ನಿಲ್ಲುತ್ತಾನೆ. ಗಾಡಿ ತೆಗೀಬೇಕು, ಜನ ಕಾಯ್ತಾವ್ರೆ ಎನ್ನುತ್ತಾನೆ. ಸುಮ್ಮನೆ ಬಿಟ್ಟರೆ ನೇರ ದೊಡ್ಡ ರಸ್ತೆಗೆ ಹೋಗುತ್ತಾನೆ. ಒಂದು ಸಲ ಹಾಗೆ ಹೋಗಿ, ನಿಂತಿದ್ದ ಯಾವುದೋ ಲಾರಿಯ ಬಾಗಿಲು ತೆಗೆಯಲು ನೋಡಿ, ಅದರ ಡ್ರೈವರಿನಿಂದ ಬೈಸಿಕೊಂಡು ಬಂದಿದ್ದ. ಅಂದಿನಿಂದ ಅಮ್ಮ ಸಂಜೆಯಾದರೆ ಬಾಗಿಲಿಗೆ ಅಡ್ಡ ನಿಲ್ಲತೊಡಗಿದಳು. ಅಪ್ಪ ಕೈ ಹಿಡಿದು ಪಕ್ಕಕ್ಕೆ ಎಳೆಯುತ್ತಿದ್ದ. ಎಪ್ಪತ್ತು ದಾಟಿದವನಾದರೂ ಪವರ್ ಸ್ಟೀರಿಂಗ್ ಇಲ್ಲದ ಕಾಲದ ಬಸ್ಸುಗಳನ್ನು ತಿರುಗಿಸಿದ ತೋಳು ಅದು. ಅಮ್ಮ ಬಿದ್ದದ್ದು ಹಾಗೆ.

ಅಮ್ಮನ ಕೈಗೆ ಪ್ಲಾಸ್ಟರ್ ಬಿದ್ದ ಮೇಲೆ ಬಾಗಿಲಿಗೆ ನಿಂತವಳು ನಾನು. ಅಡ್ಡ ನಿಲ್ಲುವುದರಲ್ಲಿ ನನಗೆ ಯಾರೂ ಪಾಠ ಹೇಳಬೇಕಾಗಿಲ್ಲ. ನಾನು ಹಿಡಿದ ಮೊಲಕ್ಕೆ ಮೂರೇ ಕಾಲು. ನಾನು ಮದುವೆಯಾಗದೆ ಉಳಿದದ್ದಕ್ಕೂ ಇದೇ ಕಾರಣ ಎಂದು ಅತ್ತಿಗೆಯ ಅಂಬೋಣ, ಇದ್ದರೂ ಇರಬಹುದು. ಅಪ್ಪ ಎಳೆದ, ನಾನು ಕಾಲೂರಿ ನಿಂತೆ. ಅಪ್ಪ ತಳ್ಳಿದ, ನಾನೂ ತಳ್ಳಿದೆ. ಅಂದು ಅವನನ್ನು ಒಳಗೆ ಉಳಿಸಿಕೊಂಡೆ ಎಂದು ಬೀಗುತ್ತಾ ಮುಖ ತೊಳೆದು ಬಂದರೆ, ಅವನ ಮುಂದೋಳಿನ ಮೇಲೆ ನನ್ನ ಬೆರಳುಗಳ ಗುರುತು ಕಪ್ಪಗೆ ಮೂಡಿತ್ತು. ಅವನು ಅದನ್ನು ಉಜ್ಜಿಕೊಳ್ಳುತ್ತಾ, ಯಾರೋ ಹೊಡೆದರು ಎಂದು ಅಮ್ಮನ ಹತ್ತಿರ ದೂರು ಹೇಳುತ್ತಿದ್ದ. ನಾನು ಹಿತ್ತಲಿಗೆ ಹೋಗಿ ಅತ್ತೆ.

ನಾನು ದೊಡ್ಡೇರಿ ಕಡೆಯ ಒಂದು ಸರ್ಕಾರಿ ಹೈಸ್ಕೂಲಿನಲ್ಲಿ ವಿಜ್ಞಾನ ಕಲಿಸುತ್ತೇನೆ. ಹೆಣ್ಣುಮಕ್ಕಳಿಗೆ ಕರಾಟೆ ಕಲಿಸಬೇಕೆಂದು ಆ ವರ್ಷ ಆದೇಶ ಬಂದಿತ್ತು, ಜೊತೆಗೆ ಒಬ್ಬ ಶಿಕ್ಷಕಿ ಇರಬೇಕಿತ್ತು. ಹೆಡ್‌ಮೇಷ್ಟ್ರು ಸ್ಟಾಫ್ ರೂಮಿನಲ್ಲಿ ಒಂದು ಸುತ್ತು ಕಣ್ಣಾಡಿಸಿ, ಗಂಡ ಮಕ್ಕಳು ಕಾಯುತ್ತಾರೆ ಎಂದು ಹೇಳಲಾಗದ ನನ್ನ ಮೇಲೆ ಕಣ್ಣು ನಿಲ್ಲಿಸಿದರು. ಮೊದಲ ವಾರ ನಾನು ಬೇವಿನ ಮರದ ಕೆಳಗೆ ಕುರ್ಚಿ ಹಾಕಿಕೊಂಡು ಉತ್ತರ ಪತ್ರಿಕೆ ತಿದ್ದಿದೆ. ಎರಡನೆಯ ವಾರ ಚೂಡಿದಾರದ ವೇಲನ್ನು ಸೊಂಟಕ್ಕೆ ಬಿಗಿದು ಹುಡುಗಿಯರ ಹಿಂದಿನ ಸಾಲಿನಲ್ಲಿ ನಿಂತೆ. ಗುದ್ದಬೇಕು ಅನ್ನಿಸಿತ್ತು. ಯಾರನ್ನು ಎಂದು ಕೇಳಬೇಡಿ.

ಕರಾಟೆ ಮಾಸ್ಟರು ಶಿರಾದವರು, ಹೆಚ್ಚುಕಡಿಮೆ ನನ್ನ ವಯಸ್ಸಿನವರು. ಮನೆಯಲ್ಲಿ ಉರ್ದು, ನಮ್ಮ ಹತ್ತಿರ ಕನ್ನಡ, ಎಣಿಸುವುದು ಮಾತ್ರ ಜಪಾನಿಯಲ್ಲಿ. ಅವರು ಮೊದಲು ಕಲಿಸಿದ್ದು ತಡೆಯುವುದು. ಎದುರಿನವರ ಕೈ ಬಂದರೆ ನಮ್ಮ ಕೈಯಿಂದ ಅದಕ್ಕೆ ಅಡ್ಡ ಹೊಡೆಯುವುದು. ಅದರಲ್ಲಿ ನಾನು ಒಂಬತ್ತನೇ ತರಗತಿಯ ಎಲ್ಲ ಹುಡುಗಿಯರನ್ನೂ ಮೀರಿಸಿದೆ. ಕೈಗಳು ಬದನೆಕಾಯಿ ಬಣ್ಣಕ್ಕೆ ತಿರುಗಿದವು. ಮಾಸ್ಟರು ಕೆಲವು ದಿನ ಸುಮ್ಮನೆ ನೋಡಿದರು. ಆಮೇಲೆ ನನ್ನನ್ನು ಪಕ್ಕಕ್ಕೆ ಕರೆದರು.

"ಮೇಡಂ, ನೀವು ಗೋಡೆ ಆಗ್ತೀರಿ. ಗೋಡೆಗೆ ಗುದ್ದಿದ್ರೆ ಕೈಗೂ ಏಟು, ಗೋಡೆಗೂ ಏಟು. ಬರೋ ಜೋರು ಅವ್ರದ್ದು. ಅದು ಬರ್ಲಿ. ದಾರಿ ಮಾತ್ರ ನೀವು ತೋರ್ಸಿ."

ಅವರು ತೋರಿಸಿದ್ದು ಇಷ್ಟೇ. ಕೈ ಹಿಡಿದು ಎಳೆದವರಿಗೆ ಎದುರಾಗಿ ಜಗ್ಗದೆ, ಎಳೆದ ಕಡೆಗೇ ಒಂದು ಹೆಜ್ಜೆ ಇಟ್ಟು, ಹಿಡಿದ ಕೈಯ ಹೊರಮಗ್ಗುಲಿಗೆ ಸರಿದು, ಅವರ ಸುತ್ತ ತಿರುಗಿಬಿಡುವುದು. ಅವರೂ ನಮ್ಮ ಜೊತೆ ತಿರುಗುತ್ತಾರೆ. ಆಗ ಅವರ ಮುಖ ಬೇರೆ ದಿಕ್ಕಿಗೆ ಇರುತ್ತದೆ, ಅವರದೇ ಜೋರು ಅವರನ್ನು ಅತ್ತ ಕರೆದೊಯ್ಯುತ್ತದೆ. ಇದಕ್ಕೊಂದು ಜಪಾನಿ ಹೆಸರು ಹೇಳಿದರು, ಹುಡುಗಿಯರು ಅದನ್ನು ಬರಿಯ 'ಸುತ್ತು' ಮಾಡಿಕೊಂಡರು. ಬಲ ಅಷ್ಟೇ ಇದ್ದು ದಿಕ್ಕು ಬದಲಾಗುವುದನ್ನು ಬೋರ್ಡಿನ ಮೇಲೆ ಬಾಣದ ಗುರುತು ಹಾಕಿ ಎಷ್ಟೋ ವರ್ಷದಿಂದ ಕಲಿಸುತ್ತಿದ್ದೇನೆ. ನನ್ನ ಮೈಗೆ ಅದು ಗೊತ್ತಿರಲಿಲ್ಲ ಎನ್ನುವುದು ಈಗ ಗೊತ್ತಾಯಿತು.

ಮಾಸ್ಟರು ಬಲಗೈಯಲ್ಲಿ ಹಿಡಿದಾಗ ಎಲ್ಲರೂ ಚೆನ್ನಾಗಿ ಸುತ್ತಿದೆವು. ಎಡಗೈಯಲ್ಲಿ ಹಿಡಿದಾಗ ಎಲ್ಲರೂ ಕೆಟ್ಟೆವು. ಎಡಗೈಯಲ್ಲಿ ಹಿಡಿದವರ ಎಡಮಗ್ಗುಲಿಗೆ ಸರಿಯಬೇಕು. ನಾವೋ ಒಬ್ಬರೂ ತಪ್ಪದ ಹಾಗೆ ಮತ್ತೆ ಬಲಕ್ಕೇ ಸುತ್ತಿ, ನೇರ ಅವರ ಖಾಲಿ ಬಲಗೈಯ ಮುಷ್ಟಿಗೇ ಹೋಗಿ ಸಿಗುತ್ತಿದ್ದೆವು. ಊರೂರು ಸುತ್ತಿ ಕಲಿಸುವ ಮಾಸ್ಟರಿಗೂ ಇದು ವಿಚಿತ್ರ ಕಂಡಿತು. ಒಂದಿಬ್ಬರಾದರೆ ಸರಿ, ಇಡೀ ಕ್ಲಾಸು ಹೀಗೇಕೆ ಎಂದು ಕೇಳಿದರು. ಪುರವರ ಅನ್ನುವ ಊರಿನ ಕಡೆಯಿಂದ ಬಂದು ಅಜ್ಜಿ ಮನೆಯಲ್ಲಿದ್ದು ಓದುವ ಹುಡುಗಿಯೊಬ್ಬಳು ಬಾಯಿ ಮುಚ್ಚಿಕೊಂಡು ನಗುತ್ತಾ ಹೇಳಿದಳು: ಮನುಷ್ಯರನ್ನ ಎಡಕ್ಕೆ ಸುತ್ತಬಾರದು ಸಾರ್, ಹೆಣಕ್ಕೆ ಮಾತ್ರ ಹಂಗೆ ಸುತ್ತೋದು.

ಅವಳು ಹೇಳುವವರೆಗೆ ನಮ್ಮಲ್ಲಿ ಯಾರಿಗೂ ಅದು ಹೊಳೆದಿರಲಿಲ್ಲ, ಆದರೆ ಹೇಳಿದ ಮೇಲೆ ಎಲ್ಲರ ಕಾಲಿಗೂ ಅದು ಮೊದಲೇ ಗೊತ್ತಿತ್ತು ಎಂದು ತಿಳಿಯಿತು. ದೇವರಿಗಾಗಲಿ, ಅಶ್ವತ್ಥಕಟ್ಟೆಗಾಗಲಿ, ಹಸೆಮಣೆಗಾಗಲಿ ಬಲಕ್ಕೇ ಸುತ್ತು. ನಡೆಯಲು ಕಲಿತ ದಿನದಿಂದ ಹಾಗೆ ಸುತ್ತಿದವರು ನಾವು. ತೂತು ಮಾಡಿದ ನೀರಿನ ಮಡಕೆ ಹೊತ್ತ ಮಗ ಚಟ್ಟದ ಸುತ್ತ ಹೋಗುವುದು ಮಾತ್ರ ಎಡಕ್ಕೆ.

ಮಾಸ್ಟರು ನಗಲಿಲ್ಲ. ಟವೆಲ್ಲಿನಿಂದ ಕತ್ತು ಒರೆಸಿಕೊಂಡು, ನಮ್ಮ ಅಮ್ಮಿ ಹಜ್‌ಗೆ ಹೋಗಿದ್ದರು, ಅಲ್ಲಿ ಸುತ್ತುವುದೆಲ್ಲ ಎಡಕ್ಕೇ, ಬಂದ ಮೇಲೆ ಎಷ್ಟೋ ದಿನ ಅದೇ ಮಾತಾಡುತ್ತಿದ್ದರು ಎಂದರು. ಅಷ್ಟು ಹೇಳಿ, ಸಾಲಾಗಿ ನಿಲ್ಲಿ ಎಂದು ಎಣಿಕೆ ಶುರು ಮಾಡಿದರು. ಹುಡುಗಿಯರಿಗೆ ಅಷ್ಟು ಸಾಕಾಯಿತು. ಕಿಸಕಿಸ ನಗುತ್ತಾ, ಒಬ್ಬಳನ್ನೊಬ್ಬಳು ಹೆಣ ಎಂದು ಛೇಡಿಸುತ್ತಾ ಆ ಸಂಜೆಯೇ ಎಡಕ್ಕೆ ಸುತ್ತಿದರು. ನಾನು ಮಾತ್ರ ಸುತ್ತಲಿಲ್ಲ. ಮೌಢ್ಯದ ಬಗ್ಗೆ ಪ್ರತಿ ವರ್ಷ ಮಕ್ಕಳಿಂದ ಪ್ರಬಂಧ ಬರೆಸುವ ವಿಜ್ಞಾನದ ಟೀಚರು ಮಂಡಿನೋವು ಎಂದು ಹೇಳಿ ಬೇವಿನ ಮರದ ಕೆಳಗೆ ಹೋಗಿ ಕೂತಳು.

ಮನೆಯಲ್ಲಿ ಸುತ್ತನ್ನು ಪ್ರಯೋಗಿಸಿದಾಗಲೂ ಬಲಕ್ಕೇ ಹೋದೆ. ಅಪ್ಪ ನನ್ನ ಕೈ ಹಿಡಿದ, ನಾನು ಅವನ ಬಲಮಗ್ಗುಲಿಗೆ ಸರಿದೆ, ಅವನು ಇನ್ನೊಂದು ಕೈಯಿಂದ ನನ್ನ ಭುಜ ಅಮುಕಿದ, ಇಬ್ಬರೂ ಹೋಗಿ ಬಾಗಿಲಿಗೆ ಬಡಿದುಕೊಂಡೆವು. ಮಾರನೆಯ ಸಂಜೆಯೂ ಹಾಗೇ ಆಯಿತು. ಅಪ್ಪ ಯಾವಾಗಲೂ ಎಡಗೈಯಲ್ಲೇ ಹಿಡಿಯುತ್ತಾನೆ ಎಂದು ಆಗ ಗಮನಿಸಿದೆ. ಉಣ್ಣುವುದು, ಗಡ್ಡ ಕೆರೆಯುವುದು ಎಲ್ಲ ಬಲಗೈಯಲ್ಲಿ, ಹಿಡಿದು ಜಗ್ಗುವುದು ಮಾತ್ರ ಎಡಗೈಯಲ್ಲಿ. ನಮ್ಮ ಬಸ್ಸುಗಳಲ್ಲಿ ಡ್ರೈವರಿನ ಬಲಗೈಗೆ ಸ್ಟೀರಿಂಗು, ಎಡಗೈಗೆ ಗೇರು. ಅವನು ನನ್ನ ಮಣಿಕಟ್ಟನ್ನು ಹಿಡಿದು ಜಗ್ಗುತ್ತಿದ್ದದ್ದು ಗೇರು ಹಾಕುವ ರೀತಿಯಲ್ಲೇ. ಅವನಿಗೆ ನನ್ನ ಮೇಲೆ ಯಾವ ಕೋಪವೂ ಇರಲಿಲ್ಲ, ಗಾಡಿ ಮುಂದಕ್ಕೆ ಹೋಗಬೇಕಿತ್ತು ಅಷ್ಟೆ.

ಹಾಗಾಗಿ ಅಪ್ಪನಿಂದ ಬಿಡಿಸಿಕೊಳ್ಳುವ ದಾರಿ ಒಂದೇ ಇತ್ತು, ಎಡಕ್ಕೆ. ಬದುಕಿರುವ ಅಪ್ಪನನ್ನು ನನ್ನ ಎಡಗಡೆ ಇಟ್ಟುಕೊಂಡು ಸುತ್ತಬೇಕು.

ಮೂರನೆಯ ಸಂಜೆ ಸುತ್ತಿದೆ. ಧೈರ್ಯ ಬಂದು ಸುತ್ತಿದ್ದಲ್ಲ, ಅಪ್ಪನ ತೋಳಿನ ಕಪ್ಪು ಗುರುತು ಕಣ್ಣಿಗೆ ಬಿದ್ದು ಮತ್ತೆ ಕಾಲೂರಿ ನಿಲ್ಲಲಾಗಲಿಲ್ಲ. ಅವನು ಜಗ್ಗಿದ ಕಡೆಗೇ ಹೆಜ್ಜೆ ಇಟ್ಟೆ, ಅವನ ಎಡಭುಜದ ಪಕ್ಕಕ್ಕೆ ಸರಿದೆ, ಬೆನ್ನ ಹಿಂದಕ್ಕೆ ಬಂದೆ. ಹಿಡಿದ ಕೈ ಬಿಡದೆ ಅಪ್ಪನೂ ತಿರುಗಿದ. ಬಾಗಿಲಿಗೆ ಮುಖ ಮಾಡಿದ್ದವನು ಹಿತ್ತಲಿಗೆ ಮುಖ ಮಾಡಿದ್ದ. ಯಾರೂ ಯಾರನ್ನೂ ತಳ್ಳಲಿಲ್ಲ. ಅಪ್ಪ ತಾನೇ ಹೊರಟವನ ಹಾಗೆ ಗಂಭೀರವಾಗಿ ನಡೆದುಕೊಂಡು ಹಿತ್ತಲಿಗೆ ಹೋಗಿ, ಬಟ್ಟೆ ಒಗೆಯುವ ಕಲ್ಲಿನ ಮೇಲೆ ಕೂತ. ನನಗೆ ಕುಣಿಯುವಷ್ಟು ಖುಷಿಯಾಯಿತು.

ಅಡುಗೆಮನೆಯ ಬಾಗಿಲಲ್ಲಿ ಅಮ್ಮ ನಿಂತಿದ್ದಳು. ಪ್ಲಾಸ್ಟರಿನ ಕೈಯನ್ನು ಎದೆಗೆ ಒತ್ತಿಕೊಂಡಿದ್ದಳು.

"ಯಾವ ಕಡೆ ಸುತ್ತಿದ್ಯೇ ನೀನು? ನಿಮ್ಮಪ್ಪ ಇನ್ನೂ ಬದುಕವ್ರೆ ಕಣೇ. ಇಂಗೆ ದಿನಾ ಹೆಣ ಸುತ್ತಿದಂಗೆ ಸುತ್ತೋ ಬದ್ಲು ತುಮ್ಕೂರ್ಗೇ ಹೋಗ್ಲಿ ಬುಡು. ಅಲ್ಲಾದ್ರೂ ಜೀವಂತ ಇರ್ತಾರೆ."

ನಾನು ಸುಮ್ಮನಿರುವ ಪೈಕಿಯೇ? ರಾತ್ರಿ ಊಟದ ತನಕ ವಾದ ಮಾಡಿದೆ. ಭೂಮಿ ಸೂರ್ಯನ ಸುತ್ತ ಹೋಗುವುದೂ ಎಡಕ್ಕೇ ಗೊತ್ತಾ ಎಂದೆ. ಮಾಸ್ಟರ ಅಮ್ಮಿಯ ಹಜ್ಜಿನ ವಿಷಯವನ್ನೂ ಎಳೆದು ತಂದೆ. ಅಮ್ಮ, ಅವ್ರದ್ದು ಅವ್ರಿಗೆ, ನಮ್ಮದು ನಮ್ಗೆ ಎಂದು ಒಂದೇ ಮಾತಿನಲ್ಲಿ ಮುಗಿಸಿದಳು. ಕೊನೆಗೆ ನಿನ್ನ ಮೂಢನಂಬಿಕೆಗೆ ಅಪ್ಪನನ್ನು ಬಲಿ ಕೊಡುತ್ತೀಯಾ ಎಂದು ಕೇಳಿಬಿಟ್ಟೆ. ಬೆಳಿಗ್ಗೆ ನಾನು ಏಳುವ ಹೊತ್ತಿಗೆ ಅಮ್ಮ ಅಣ್ಣನಿಗೆ ಫೋನು ಮಾಡಿ, ಕರ್ಕೊಂಡು ಹೋಗು ಎಂದು ಹೇಳಿಯಾಗಿತ್ತು. ಅವನು ಯುಗಾದಿಯ ಹಿಂದಿನ ಭಾನುವಾರ ಕಾರು ತರುತ್ತೇನೆ ಎಂದನಂತೆ.

ಆ ದಿನ ಶಾಲೆಗೆ ಹೋಗುವ ಬಸ್ಸಿನಲ್ಲಿ ಕೂತು ಯೋಚಿಸಿದೆ. ಅಮ್ಮನ ಭಯ ಅಪ್ಪನ ಮೇಲಿನ ಆಸೆಯೇ ಅಲ್ಲವೇ? ಅವನು ಬದುಕಿರಲಿ ಎಂದು ಅವನನ್ನು ಕಳಿಸಲು ಒಪ್ಪಿದ್ದಳು. ಅವನು ಮನೆಯಲ್ಲಿರಲಿ ಎಂದು ನಾನು ಹೊಡೆದಾಡುತ್ತಿದ್ದೆ. ಇಬ್ಬರೂ ಒಂದೇ ಕಡೆಗೆ ಎಳೆಯುತ್ತಿದ್ದೆವು, ನಾನು ಅಲ್ಲಿಯೂ ಅಡ್ಡ ನಿಂತಿದ್ದೆ. ಮಾಸ್ಟರು ಹೇಳಿದ್ದನ್ನು ಹುಡುಗಿಯರು ಒಂದು ಸಂಜೆಯಲ್ಲಿ ಕಲಿತರು, ನನಗೆ ದೊಡ್ಡೇರಿಯವರೆಗಿನ ದಾರಿ ಬೇಕಾಯಿತು.

ಸಂಜೆ ಬಂದವಳೇ ಅಮ್ಮನ ಪಕ್ಕ ಕೂತು ಅವರೆಕಾಯಿ ಸುಲಿಯುತ್ತಾ ಕೇಳಿದೆ, ತಪ್ಪಿ ಎಡಕ್ಕೆ ಸುತ್ತಿದರೆ ಅದಕ್ಕೆ ಪರಿಹಾರ ಏನು ಎಂದು. ಅಮ್ಮ ನನ್ನ ಮುಖ ನೋಡಿದಳು, ಗೇಲಿ ಮಾಡುತ್ತಿದ್ದೇನೋ ಎಂದು. ಮಾಡುತ್ತಿರಲಿಲ್ಲ. ಬಿಚ್ಚಬೇಕು ಎಂದಳು. ಎಷ್ಟು ಎಡಕ್ಕೆ ಸುತ್ತಿದ್ದೇವೋ ಅಷ್ಟು ಬಲಕ್ಕೆ ಸುತ್ತಿ ಬಿಚ್ಚಬೇಕು, ಅದಕ್ಕೆ ಮೇಲೊಂದು ಹೆಚ್ಚಿಗೆ. ಮುತ್ತೈದೆ ಸುತ್ತಿದರೆ ಒಳ್ಳೆಯದು. ಇದು ಶಾಸ್ತ್ರದಲ್ಲಿತ್ತೋ, ಅವರೆಕಾಯಿಯ ಮುಂದೆ ಆ ಗಳಿಗೆಯಲ್ಲೇ ಹುಟ್ಟಿತೋ ನಾನು ವಿಚಾರಿಸಲಿಲ್ಲ. ಹಾಗಾದರೆ ನಾನು ಸುತ್ತುತ್ತೇನೆ, ನೀನು ಬಿಚ್ಚು ಎಂದೆ. ಅಮ್ಮ ಒಂದು ಕಾಯಿಯನ್ನು ಎಡಗೈಯಲ್ಲೇ ಸುಲಿದು ಮುಗಿಸುವವರೆಗೆ ಯೋಚಿಸಿ, ನೋಡಣ ಎಂದಳು.

ಅಂದಿನಿಂದ ನಮ್ಮ ಸಂಜೆಯ ಕೆಲಸ ಹಂಚಿಹೋಯಿತು. ಅಪ್ಪ ಏಳುತ್ತಾನೆ, ಗೇರು ಹಿಡಿಯುತ್ತಾನೆ, ನಾನು ಎಡಕ್ಕೊಂದು ಸುತ್ತು ಬಂದು ಅವನನ್ನು ಹಿತ್ತಲಿಗೆ ಕರೆದೊಯ್ಯುತ್ತೇನೆ. ಅವನು ಕಲ್ಲಿನ ಮೇಲೆ ಕೂತೊಡನೆ ಅಮ್ಮ ಸೆರಗು ಹೊದ್ದು, ಪ್ಲಾಸ್ಟರಿನ ಕೈ ಎತ್ತಿಕೊಂಡು ಅವನ ಸುತ್ತ ಬಲಕ್ಕೆ ಸುತ್ತುತ್ತಾಳೆ. ಇನ್ನು ಬಾಗಿಲಿಗೆ ಅಡ್ಡ ನಿಲ್ಲುವ ಕೆಲಸ ಅವಳಿಗಿರಲಿಲ್ಲ, ಬೀಳುವ ಭಯವೂ ಇರಲಿಲ್ಲ. ಮೊದಲ ದಿನ ಅವಳು ಸುತ್ತುವುದನ್ನು ಅಪ್ಪ ಕತ್ತು ಹೊರಳಿಸಿ ನೋಡಿದ. ಟೈರ್ ನೋಡಿದ್ಯಾ, ಗಾಳಿ ಸರಿಯಾಗೈತಾ ಎಂದು ಕೇಳಿದ. ಗಾಡಿ ಹೊರಡುವ ಮುಂಚೆ ಕ್ಲೀನರು ಒಂದು ಸುತ್ತು ಬಂದು ಟೈರು ತಟ್ಟಿ ನೋಡುವ ಪದ್ಧತಿ. ಅಮ್ಮ ಅರೆಕ್ಷಣವೂ ತಡೆಯದೆ, ಸರಿಯಾಗೈತೆ, ಹೊರ್ಡಿ ಎಂದಳು. ಅಪ್ಪ ಹೊರಟ.

ಆ ಕಲ್ಲಿನ ಮೇಲೆಯೇ ಕೂತು ಪಾವಗಡಕ್ಕೆ ಹೋಗುತ್ತಾನೆ. ಬಲಗೈ ಗಾಳಿಯಲ್ಲಿ ಸ್ಟೀರಿಂಗ್ ತಿರುಗಿಸುತ್ತದೆ. ಮಿಡಿಗೇಶಿಯಲ್ಲಿ ನಿಲ್ಲಿಸುತ್ತಾನೆ. ಅಲ್ಲಿಂದ ಮುಂದೆ ಮಾತಿನಲ್ಲಿ ತೆಲುಗು ಸೇರುತ್ತದೆ. ಎಕ್ಕಂಡಿ ಎಂದು ಹತ್ತಿಸಿಕೊಳ್ಳುತ್ತಾನೆ, ದಿಗಂಡಿ ಎಂದು ಇಳಿಸುತ್ತಾನೆ. ನಿಡುಗಲ್ ಕಡೆಯವರ ಮೂಟೆಗಳನ್ನು ಮೇಲೆ ಹಾಕಿಸು ಎನ್ನುತ್ತಾನೆ. ಪಕ್ಕದಲ್ಲಿ ನಿಂತ ನಾನು ಕಂಡಕ್ಟರ್. ಒಂದು ಸಂಜೆ ಏರು ಹತ್ತುತ್ತಾ ಗೇರು ಬದಲಿಸಿ, ನನ್ನ ಕಡೆ ವಾಲಿ ಸಣ್ಣ ದನಿಯಲ್ಲಿ ಹೇಳಿದ:

"ಕಂಡಕ್ಟ್ರೇ, ನಂಗೊಬ್ಳು ಮಗ್ಳವ್ಳೆ, ಟೀಚ್ರು. ಒಳ್ಳೇವ್ಳೆ, ಆದ್ರೆ ಅಡ್ಡ ಬಂದೋರ್ಗೆಲ್ಲ ನೆಟ್ಟಗೆ ಹೋಗಿ ಗುದ್ಕೊಂತಾಳೆ. ಎಲ್ಲಾದ್ರೂ ಸಿಕ್ರೆ ಹೇಳಿ, ತಿರುವ್ನಲ್ಲಿ ವಸಿ ನಿಧಾನ ಅಂತ."

ಹೇಳುತ್ತೇನೆ ಎಂದೆ. ನನ್ನನ್ನು ಮರೆತಿದ್ದಾನೆ ಎಂದುಕೊಂಡಿದ್ದೆನಲ್ಲ, ನನ್ನ ಮುಖವನ್ನಷ್ಟೇ ಮರೆತಿದ್ದ. ಆ ಹೊತ್ತು ನನಗಾದ ಸಂತೋಷಕ್ಕೂ ಸಂಕಟಕ್ಕೂ ಮಧ್ಯೆ ಗೆರೆ ಎಳೆಯಲು ಈಗಲೂ ಬರುವುದಿಲ್ಲ.

ಭಾನುವಾರ ಅಣ್ಣ ಕೊರಟಗೆರೆಯಲ್ಲಿ ಹೂವು ಹಣ್ಣು ಕೊಂಡು, ಕಾರಿನಲ್ಲಿ ಬಂದ. ತುಮಕೂರಿನಲ್ಲಿ ಎಲ್ಲ ಮಾತಾಡಿ ಇಟ್ಟಿದ್ದ. ಅಪ್ಪನ ಬಟ್ಟೆ ಜೋಡಿಸು ಎಂದ. ಅಮ್ಮ ಈಗ ಬೇಡ ಎನ್ನುತ್ತಿದ್ದಾಳೆ ಎಂದು ನಾನು ಹೇಳಿದರೆ, ಇವತ್ತು ಬೇಡ, ನಾಳೆ ಬಿದ್ದಾಗ ಬೇಕು ಎಂದ. ಹಿತ್ತಲಿನ ಕಲ್ಲು, ಎಡಸುತ್ತು, ಬಲಸುತ್ತು ಎಲ್ಲವನ್ನೂ ವಿವರಿಸಿದೆ. ಹೇಳುತ್ತಾ ಹೋದಂತೆ ನನಗೇ ಅದು ಹುಚ್ಚರ ಸಂತೆಯ ಹಾಗೆ ಕೇಳಿಸಿತು. ಅಣ್ಣ ಕಾರಿನ ಕೀ ಬೆರಳಿಗೆ ಸಿಕ್ಕಿಸಿಕೊಂಡು, ಹೊತ್ತಾಗುವ ಮೊದಲು ಹೊರಡೋಣ ಎಂದ. ಆದರೆ ಮಾತಿಗೆ ಮಾತು ಬೆಳೆದು ಹೊತ್ತು ಆಗಿಯೇ ಹೋಗಿತ್ತು. ಬೆಟ್ಟದ ನೆರಳು ಬೀದಿಗೆ ಬಿತ್ತು, ಅಪ್ಪ ಎದ್ದ.

ಅಣ್ಣನೂ ಈ ಮನೆಯ ಮಗನೇ. ನೋಡುತ್ತಿದ್ದಂತೆ ಹೋಗಿ ಬಾಗಿಲಿಗೆ ಅಡ್ಡ ನಿಂತ. ಅಪ್ಪನ ಎಡಗೈ ಅವನ ಅಂಗಿಯ ಎದೆ ಹಿಡಿಯಿತು. ಅಣ್ಣ ಅಪ್ಪನ ಎರಡೂ ಕೈ ಹಿಡಿದು ಜಗ್ಗಿದ. ಅಪ್ಪ ಕೂಗತೊಡಗಿದ, ಅಣ್ಣ ಕೂತ್ಕೊಳಪ್ಪ ಎಂದು ಅವನಿಗಿಂತ ಜೋರಾಗಿ ಕೂಗಿದ. ಒಂದು ಗುಂಡಿ ಕಿತ್ತು ನೆಲಕ್ಕೆ ಬಿತ್ತು. ಅಣ್ಣ ಬಿಟ್ಟರೆ ಅಪ್ಪ ಹಿಂದಕ್ಕೆ ಬೀಳುತ್ತಾನೆ, ಬಿಡದಿದ್ದರೆ ಆ ಮುದಿ ತೋಳು ಮುರಿಯುತ್ತದೆ. ನಾನು ನಡುವೆ ನುಗ್ಗಿ ಅಪ್ಪನ ಎಡಗೈಗೆ ನನ್ನ ಕೈ ಕೊಟ್ಟೆ, ಅಪ್ಪ ಅದನ್ನು ಹಿಡಿದ, ಅಣ್ಣ ಬಿಟ್ಟ. ಆದರೂ ಅಣ್ಣನ ಮುಂದೆ, ಅವನ ದೃಷ್ಟಿಯ ಎದುರು, ಬಲವೋ ಎಡವೋ ಎಂದು ನನ್ನ ಕಾಲು ಒಂದು ಗಳಿಗೆ ತಡವರಿಸಿತು.

"ಎಡಕ್ಕೆ ಸುತ್ತೇ," ಎಂದು ಅಮ್ಮ ಹಿಂದಿನಿಂದ ಹೇಳಿದಳು. "ಸುತ್ತು. ನಾನು ಬಿಚ್ಕೊಂತೀನಿ."

ಸುತ್ತಿದೆ. ಅಪ್ಪ ನನ್ನ ಜೊತೆ ತಿರುಗಿದ, ಅವನ ಕೂಗು ಅರ್ಧದಲ್ಲೇ ನಿಂತಿತು. ಇಬ್ಬರೂ ನಡೆದುಕೊಂಡು ಹಿತ್ತಲಿಗೆ ಹೋದೆವು. ಅಪ್ಪ ಕಲ್ಲಿನ ಮೇಲೆ ಕೂತು ಉಸಿರು ಸುಧಾರಿಸಿಕೊಂಡ. ಅಮ್ಮ ಸೆರಗು ಹೊದ್ದು ಸುತ್ತ ಹೋದಳು. ಗಾಳಿ ಸರಿಯಾಗಿದೆ ಎಂದಳು. ಅಪ್ಪ ಕೈಯಿಂದ ಸ್ಟೀರಿಂಗ್ ಒರೆಸಿದ.

ಅಣ್ಣ ಗುಂಡಿ ಕಿತ್ತ ಅಂಗಿಯಲ್ಲಿ ಹಿತ್ತಲ ಬಾಗಿಲಿಗೆ ಬಂದು ನಿಂತ. ಆಮೇಲೆ ಮೆಲ್ಲಗೆ ನಡೆದು ಕಲ್ಲಿನ ಎಡಗಡೆ, ನನ್ನ ಪಕ್ಕ ಬಂದ. ಅಪ್ಪ ಅವನನ್ನು ಮೇಲಿಂದ ಕೆಳಗೆ ನೋಡಿದ. ಗುರುತಿಲ್ಲದ ನೋಟ, ಆದರೆ ಮರ್ಯಾದೆಯ ನೋಟ.

"ಎಲ್ಲಿಗೆ ಸಾಮಿ?"

ಅಣ್ಣನಿಗೆ ಸುಳ್ಳು ಹೇಳಿ ಅಭ್ಯಾಸವಿಲ್ಲ. "ತುಮಕೂರಿಗೆ," ಎಂದ.

"ತುಮ್ಕೂರ್ಗೆ ಹೋಗಲ್ಲ ಇದು. ಪಾವಗಡದ ಗಾಡಿ. ದಿಗಂಡಿ, ದಿಗಂಡಿ," ಎಂದು ಅಪ್ಪ ಕೈ ಬೀಸಿದ. "ಜನ ಕಾಯ್ತಾವ್ರೆ."

ಅಣ್ಣ ಇಳಿಯಲಿಲ್ಲ. ಕಾರಿನ ಕೀಯನ್ನು ಜೇಬಿಗೆ ಹಾಕಿಕೊಂಡು ನನ್ನ ಕಡೆ ತಿರುಗಿ, ಅಂಗೈ ಚಾಚಿದ.

"ಒಂದು ಪಾವಗಡ ಕೊಡಿ ಕಂಡಕ್ಟ್ರೇ," ಎಂದ.